ಮದುವೆ ಹಾಡಿನ ಪೆನ್‌ಡ್ರೈವ್

ಸಿದ್ದಾಪುರದ ಬಸ್‌ಸ್ಟ್ಯಾಂಡಿನ ಹಿಂದೆ ನನ್ನದೊಂದು ಕಂಪ್ಯೂಟರ್ ಅಂಗಡಿ ಇತ್ತು. ಜೆರಾಕ್ಸ್, ಟೈಪಿಂಗ್, ಸಿಡಿ ಬರೆದುಕೊಡುವುದು. ಸಿಡಿ ಬರೆಯುವ ಸಾಫ್ಟ್‌ವೇರ್ ಕೊಂಡದ್ದಲ್ಲ; ಶಿರಸಿಯ ಗೆಳೆಯ ಕೊಟ್ಟ ಕ್ರ್ಯಾಕ್, ಅಂದರೆ ಬೀಗ ಮುರಿದ ಕಳ್ಳ ಪ್ರತಿ. ಬಿಟ್ಟಿ ಸಿಕ್ಕರೆ ನನಗೂ ಇರಲಿ, ನಮ್ಮಪ್ಪನಿಗೂ ಇರಲಿ ಎನ್ನುವ ಪೈಕಿ ನಾನು. ಅದರ ಜೊತೆ, ಸಾಫ್ಟ್‌ವೇರ್ ಕೇಳುವ ಲೈಸೆನ್ಸಿಗೆ ಕಳ್ಳ ನಂಬರ್ ಹುಟ್ಟಿಸುವ ಪುಟ್ಟ ಪ್ರೋಗ್ರಾಮ್ ಇತ್ತು. ತೆರೆದ ಕೂಡಲೇ ಪೀಂ ಪೀಂ ಎಂದು ಒಂದು ಟ್ಯೂನ್ ಬಾರಿಸುತ್ತಿತ್ತು. ಅದರ ಸೂಚನೆಯಲ್ಲಿ ಮೊದಲ ಸಾಲೇ ಆಂಟಿವೈರಸ್ ಆಫ್ ಮಾಡಿ ಎಂದು. ಮನೆಗೆ ಬಂದ ಕಳ್ಳನೇ "ನಾಯಿ ಕಟ್ಟಿಹಾಕಿ" ಎಂದರೆ ಯಾರಾದರೂ ಕಟ್ಟುತ್ತಾರೆಯೇ? ನಾನು ಕಟ್ಟಿದೆ. ಮತ್ತೆ ಬಿಚ್ಚಲೂ ಇಲ್ಲ, ಬಿಚ್ಚಿದರೆ ಆ ಸಾಫ್ಟ್‌ವೇರ್ ನಡೆಯುತ್ತಿರಲಿಲ್ಲ.

ಒಂದು ಬೆಳಿಗ್ಗೆ ಹೇರೂರು ಕಡೆಯ ಹುಡುಗಿಯೊಬ್ಬಳು ಪೆನ್‌ಡ್ರೈವ್ ತಂದಳು. ಮುಂದಿನ ವಾರ ಅವಳ ಮದುವೆ. ಅದರಲ್ಲಿ ಅವಳ ತಾಯಿ ಹಾಡಿದ ಮದುವೆ ಹಾಡುಗಳಿದ್ದವು. ಗಂಟಲಿನ ಆಪರೇಷನ್ ಆದಮೇಲೆ ದನಿ ಉಳಿಯುತ್ತದೋ ಇಲ್ಲವೋ ಎಂದು, ಯಾರದೋ ಮೊಬೈಲ್ ಎರವಲು ತಂದು ಮೊದಲೇ ರೆಕಾರ್ಡ್ ಮಾಡಿದ್ದರಂತೆ. ದನಿ ಉಳಿಯಲಿಲ್ಲ. ಮೊಬೈಲಿನವರು ಹಾಡುಗಳನ್ನು ಅಳಿಸಿಯೂ ಆಗಿತ್ತು.

"ಮದ್ವೆ ದಿನ ಇದ್ನೇ ಹಾಕವು. ಸಿಡಿ ಮಾಡ್ಕೊಡು ಅಣ್ಣಾ, ಪ್ಯಾಟೆ ಕೆಲ್ಸ ಮುಗ್ಸಿ ಬರ್ತೆ," ಎಂದು ಹೋದಳು.

ಪೆನ್‌ಡ್ರೈವ್ ಚುಚ್ಚಿದೆ. ಹಾಡಿನ ಫೋಲ್ಡರ್ ಕಣ್ಣೆದುರೇ ಮಾಯವಾಗಿ, ಅದೇ ಹೆಸರಿನ ಶಾರ್ಟ್‌ಕಟ್ ಬಂದು ಕೂತಿತು. ಒತ್ತಿದರೆ ಏನೂ ಇಲ್ಲ. ಆ ವಾರ ಬೇರೆ ಗಿರಾಕಿಗಳೂ ಇದೇ ದೂರು ಹೇಳಿದ್ದರು, ನಾನು ನಕ್ಕು ಸಾಗಹಾಕಿದ್ದೆ. ರೋಗ ನನ್ನ ಕ್ರ್ಯಾಕಿನದೇ ಎಂದು ಈಗ ಹೊಳೆಯಿತು. ಹೋದದ್ದು ಹೇಗೂ ಹೋಯಿತು, ಕಳ್ಳಮಾಲಿನ ಗುಟ್ಟಾದರೂ ಉಳಿಯಲಿ ಎಂದು ಗಾಬರಿಯಲ್ಲಿ ಪೆನ್‌ಡ್ರೈವನ್ನು ಫಾರ್ಮ್ಯಾಟ್ ಮಾಡಿ ಪೂರ್ತಿ ಒರೆಸಿಬಿಟ್ಟೆ. ಅವಳು ಬಂದಾಗ, "ವೈರಸ್ ನಿಮ್ಮ ಪೆನ್‌ಡ್ರೈವಿನಲ್ಲೇ ಇತ್ತು" ಎಂದೆ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಳೆಯುವ ಬುದ್ಧಿ. ಅವಳು ಜಗಳಾಡಲಿಲ್ಲ. ಖಾಲಿ ಪೆನ್‌ಡ್ರೈವನ್ನು ಕರವಸ್ತ್ರದಲ್ಲಿ ಸುತ್ತಿಕೊಂಡು ಬಸ್ಸಿಗೆ ಹೋದಳು.

ಮದುವೆ ಮುಗಿದಮೇಲೆ ಆ ತಾಯಿಯೇ ಅಂಗಡಿಗೆ ಬಂದರು. ಕೈಯಲ್ಲಿ ಹೋಳಿಗೆ ಪೊಟ್ಟಣ. ಪಿಸುಗುಟ್ಟುವಷ್ಟೇ ದನಿ.

"ಮದ್ವೆ ಚೊಲೋ ಆತು. ಎಂಗ್ಳ ಪೆನ್‌ಡ್ರೈವಿಂದ ನಿನ್ನ ಮಷೀನಿಗೆ ರೋಗ ತಾಗಿಕ್ಕು. ಬೇಜಾರ ಮಾಡ್ಕ್ಯಳಡ ತಮಾ."

ರೋಗ ತಮ್ಮಿಂದಲೇ ತಾಗಿರಬೇಕು ಎಂದು ಅವರೇ ನನ್ನನ್ನು ಸಮಾಧಾನ ಮಾಡುತ್ತಿದ್ದರು; ಆಗಲಾದರೂ ಬಾಯಿಬಿಡಬಹುದಿತ್ತು. ನಾನು ಹೋಳಿಗೆ ತೆಗೆದುಕೊಂಡೆ. ನಾಚಿಕೆಗೆಟ್ಟವನು, ತಿಂದೆ ಕೂಡ.

ಆ ವೈರಸ್ ಯಾವುದನ್ನೂ ಅಳಿಸುವುದಿಲ್ಲ, ಬಚ್ಚಿಡುತ್ತದೆ ಅಷ್ಟೇ ಎಂದು ತಿಳಿದದ್ದು ತಡವಾಗಿ. ಒಂದು ಸಾಲಿನ ಆಜ್ಞೆ ಟೈಪ್ ಮಾಡಿದ್ದರೆ ಫೋಲ್ಡರ್ ವಾಪಸ್ ಬರುತ್ತಿತ್ತು. ಅಂದರೆ ಹಾಡುಗಳು ಅಲ್ಲೇ ಇದ್ದವು, ಅಳಿಸಿದ್ದು ನಾನು. ಆ ತಾಯಿಯ ಹಾಡಿನ ಒಂದು ಸಾಲನ್ನೂ ನಾನು ಕೇಳಲಿಲ್ಲ. ಕಳ್ಳ ಪ್ರೋಗ್ರಾಮಿನ ಟ್ಯೂನ್ ಮಾತ್ರ ಈಗಲೂ ಪೂರ್ತಿ ಬಾಯಿಗೆ ಬರುತ್ತದೆ.