ವಯಸ್ಸಿನ ಸಾಕ್ಷಿ

ಪಂಚಾಯ್ತಿ ಚುನಾವಣೆ ಮುಗಿದು, ಗೆದ್ದವರ ವಯಸ್ಸಿನ ಮೇಲೆ ಸೋತವರು ದಾವೆ ಹಾಕಿದರೆಂದರೆ, ನಿವೃತ್ತ ಹೆಡ್‌ಮಾಸ್ತರ್ ಜಮಾಲ್ ಸಾಹೇಬರ ಬಿಳಿ ಅಂಗಿ ಟ್ರಂಕಿನಿಂದ ಹೊರಬಂತೆಂದೇ ಲೆಕ್ಕ. ಶಾಲೆಯ ದಾಖಲಾತಿ ಪುಸ್ತಕದಲ್ಲಿ ಮೂವತ್ತು ವರ್ಷ ಮಕ್ಕಳ ಹುಟ್ಟಿದ ತಾರೀಕು ಬರೆದವರು ಅವರೇ. ಜಗಳೂರಿನ ಕೋರ್ಟಿನಲ್ಲಿ ನಿಂತು ‘ಅಕ್ಷರ ನಂದೇ’ ಎನ್ನಬೇಕಾದವರೂ ಅವರೇ. ವಿಚಾರಣೆಯ ದಿನ ಎರಡೂ ಪಾರ್ಟಿಯವರ ಚಹಾ ಮುಟ್ಟುವುದಿಲ್ಲ. ಬಸ್ಸಿನಲ್ಲಿ ಹಳೆಯ ಶಿಷ್ಯ ಕೈಮುಗಿದರೆ ಕ್ಷೇಮ ಕೇಳುವ ಬದಲು ಅವನ ಹುಟ್ಟಿದ ತಾರೀಕು ಹೇಳುತ್ತಾರೆ. ಹೆತ್ತವಳೇ ಬಂದು ‘ಇವ್ನು ಹುಟ್ಟಿದ್ದು ಶೇಂಗಾ ಕೀಳೋವಾಗ, ಜೂನ್ ಒಂದು ಹೆಂಗೆ ಬಂತು ಮೇಷ್ಟ್ರೇ?’ ಎಂದರೂ, ‘ನಿಂಗೆ ಮರ್ತೈತೆ ಕಣವ್ವಾ, ಪುಸ್ತಕಕ್ಕೆ ಮರ್ತಿಲ್ಲ’ ಎಂದು ಬಾಯಿ ಮುಚ್ಚಿಸುತ್ತಾರೆ. ಈ ಸಲ ಗೆದ್ದವಳು ಅವರದೇ ಶಿಷ್ಯೆ ರೂಪಶ್ರೀ. ಪುಸ್ತಕದ ಪ್ರಕಾರ ಅವಳಿಗೆ ಇಪ್ಪತ್ತು. ಚುನಾವಣೆಗೆ ನಿಲ್ಲಲು ಇಪ್ಪತ್ತೊಂದು ತುಂಬಿರಬೇಕು. ಕಟಕಟೆಯಲ್ಲಿ ಮೇಷ್ಟ್ರು ಕನ್ನಡಕ ಒರೆಸಿದರು, ಹಾಕಿಕೊಂಡರು, ತೆಗೆದು ಮತ್ತೆ ಒರೆಸಿದರು. ಹೆಣ್ಣುಮಕ್ಕಳ ಮದುವೆ ಒಂದು ವರ್ಷವಾದರೂ ತಡವಾಗಲಿ, ಅಷ್ಟರಲ್ಲಿ ಇನ್ನೊಂದು ಕ್ಲಾಸು ಓದಿಕೊಳ್ಳಲಿ ಎಂದು, ಶಾಲೆಗೆ ಸೇರಿದ ಪ್ರತಿ ಹುಡುಗಿಯ ವಯಸ್ಸಿನಲ್ಲೂ ಅವರು ಒಂದು ವರ್ಷ ಕಡಿಮೆ ಬರೆದಿದ್ದರು. ಅದು ಅವರ ಹೆಂಡತಿ ಸೈದಾಬೀಗೂ ಗೊತ್ತಿರಲಿಲ್ಲ. ‘ಈ ಅಕ್ಷರ ನಿಮ್ದೇ ಏನ್ರೀ?’ ಎಂದು ವಕೀಲರು ಪುಸ್ತಕ ಮುಂದೆ ಹಿಡಿದರು. ‘ಅಕ್ಷರ ನಂದೇ ಸಾರ್,’ ಎಂದರು ಮೇಷ್ಟ್ರು, ‘ಸುಳ್ಳೂ ನಂದೇ.’