ತೆಗೆದಿಟ್ಟ ಜಾಲರಿ

ಜೂಜುವಾಡಿಯಲ್ಲಿ ಹೆದ್ದಾರಿ ಅಗಲವಾಗುತ್ತಿದ್ದ ಕಾಲ. ದೂಳು ಹಿಡಿದ ಬೈಕು, ಟೆಂಪೋಗಳನ್ನು ನನ್ನ ತಮ್ಮ ಮನೆಯ ಮುಂದೆಯೇ ತೊಳೆದುಕೊಡುತ್ತಿದ್ದ. ಮುಂದೆ ಸ್ವಂತ ಅಂಗಡಿ ಇಡುವ ಆಸೆ ಅವನಿಗೆ.

ನೀರು ಹೊಡೆಯುವ ಮಿಷಿನ್ ಕೆಟ್ಟರೆ ಕೆಲಮಂಗಲದಿಂದ ಮೆಕ್ಯಾನಿಕ್ ಬರುತ್ತಿದ್ದರು. ಬಂದ ಕೂಡಲೇ ಮಿಷಿನ್ ಮುಟ್ಟುತ್ತಿರಲಿಲ್ಲ. ನಲ್ಲಿಯ ಪೈಪನ್ನು ಬಕೆಟ್ಟಿಗೆ ಬಿಟ್ಟು, ಅದು ತುಂಬುವವರೆಗೂ ಸೊಂಟಕ್ಕೆ ಕೈಕೊಟ್ಟು ನಿಲ್ಲುತ್ತಿದ್ದರು. “ಮೊದ್ಲು ನೀರ್ ನೋಡು, ಆಮ್ಯಾಕೆ ಮಿಷಿನ್ ಬೈಯಿ,” ಎನ್ನುವುದು ಅವರ ಮಾತು.

ಒಂದು ಸಲ ನೀರು ಒಮ್ಮೆ ಜೋರಾಗಿ, ಒಮ್ಮೆ ಸೋತು ಬರತೊಡಗಿತು. ಅವರು ಬಕೆಟ್ ನೋಡಿದರು, ನೀರು ಚಿಮ್ಮುವ ಗನ್ನಿನ ತೂತಿಗೆ ಪಿನ್ನು ಚುಚ್ಚಿದರು, ಕೊನೆಗೆ ಮಿಷಿನ್ನಿಗೆ ನೀರು ಒಳಹೋಗುವ ಬಾಯಿ ಬಿಚ್ಚಿದರು.

“ಜಾಲರಿ ಎಲ್ಲಪ್ಪಾ? ಪಂಪಿನೊಳ್ಗೆಲ್ಲ ಮರಳು ಕೂತದೆ.”

ಬೋರ್‌ವೆಲ್ಲಿನ ಮರಳು ದಿನವೂ ಆ ಜಾಲರಿಗೆ ಕಟ್ಟಿಕೊಳ್ಳುತ್ತಿತ್ತು. ತೊಳೆಯುವುದು ನನ್ನ ಪಾಲಿನ ಕೆಲಸ. ಬೇಸತ್ತು ನಾನೇ ತೆಗೆದಿಟ್ಟಿದ್ದೆ.

“ನಾನೇ ಎಲ್ಲೋ ಬೀಳಿಸಿರ್ಬೇಕು ಅಣ್ಣಾ,” ಎಂದ ತಮ್ಮ.

“ನಿನ್ ಕೈಗೆ ಮಿಷಿನ್ ಕೊಟ್ಟಿದ್ದೇ ತಪ್ಪು ಕಣ್ಲಾ. ಇದು ಸಾಕು, ಕಂಪ್ನಿಗೆ ಸೇರ್ಕೋ,” ಎಂದರು ಅಪ್ಪ.

ಮೆಕ್ಯಾನಿಕ್ ಪಂಪು ತೊಳೆದರು. ಹೊಸ ಜಾಲರಿಯನ್ನು ತಮ್ಮನಿಗೆ ತೋರಿಸಲಿಲ್ಲ. ಬಾಗಿಲಲ್ಲಿ ನಿಂತಿದ್ದ ನನ್ನ ಅಂಗೈಯಲ್ಲಿಟ್ಟರು.

“ದಿನಾ ತೊಳೀಬೇಕು ಕಣಮ್ಮಾ. ಬ್ಯಾಸ್ರ ಆದ್ರೆ ಬಾಯ್ಬಿಟ್ಟು ಹೇಳು, ತೆಗೀಬ್ಯಾಡ,” ಎಂದು ಮೆಲ್ಲಗೆ ಹೇಳಿದರು.

ಅಪ್ಪ ಅಲ್ಲೇ ಇದ್ದರು. ಆಗಲಾದರೂ ನಾನು ನಿಜ ಹೇಳಬಹುದಿತ್ತು. “ಕಾಫಿ ತತ್ತೀನಿ,” ಎಂದು ಒಳಗೆ ಹೋದೆ.

ಸೋಮವಾರ ಬೆಳಿಗ್ಗೆ ತಮ್ಮ ಕಂಪನಿಯ ಬಸ್ ಹತ್ತಿದ. ಅವನ ಬುತ್ತಿ ಕಟ್ಟಿಕೊಟ್ಟವಳು ನಾನೇ.