ಅವ್ವನ ಮಾರಮ್ಮನನ್ನು ಎಸೆದ ಮಧ್ಯಾಹ್ನ

ನಾನು ಬೌದ್ಧ ಧಮ್ಮದ ದೀಕ್ಷೆ ತೆಗೆದುಕೊಂಡದ್ದು ಚಾಮರಾಜನಗರದ ಒಂದು ಸಮುದಾಯ ಭವನದಲ್ಲಿ, ಎರಡು ಸಾವಿರದ ಇಸವಿ ದಾಟಿದ ಮೊದಲ ವರ್ಷಗಳಲ್ಲಿ. ಆಗ ಗುಂಡ್ಲುಪೇಟೆಯ ಹೈಸ್ಕೂಲೊಂದರಲ್ಲಿ ಸಮಾಜ ವಿಜ್ಞಾನದ ಮೇಷ್ಟ್ರಾಗಿದ್ದೆ. ಚಂದಕವಾಡಿ ಕಡೆಯ ನಮ್ಮೂರಿನಿಂದ ಅವ್ವ ಬೆಳಗಿನ ಬಸ್ಸಿಗೆ ಬಂದು ಹಿಂದಿನ ಸಾಲಿನಲ್ಲಿ ನೆಲದ ಮೇಲೆ ಕೂತಿದ್ದಳು. ಪಕ್ಕದಲ್ಲೇ ಕುರ್ಚಿಗಳು ಖಾಲಿ ಇದ್ದವು. ಪ್ರಾಣಿಹತ್ಯೆ ಮಾಡೆನು ಎಂದು ನಾವೆಲ್ಲ ಪಾಲಿಯಲ್ಲಿ ಹೇಳುವಾಗ ಅವಳೂ ಬಾಯಿ ಆಡಿಸುತ್ತಿದ್ದಳು.

ವಾಪಸ್ ಬರುವಾಗ ಬಸ್ಸಿನಲ್ಲಿ ಕೇಳಿದೆ, "ಹೆಂಗನ್ನಿಸ್ತವ್ವ?"

"ಬುದ್ದಪ್ಪ ಒಳ್ಳೆವ್ನು ಕಣ ಮಗ. ಮೊಕ ನೋಡುದ್ರೆ ಗೊತ್ತಾಯ್ತದ. ಅವುನ್ನ ಗೂಡಲ್ಲಿ ಮಡಿಕತೀನಿ, ನಮ್ ಮಾರಮ್ಮನ ಪಕ್ಕದಲ್ಲೇ. ಅವುನ್ಗೇನು ತೊಂದ್ರ?"

ಮಾರಮ್ಮ ಎಂದರೆ ಒಂದು ಕಲ್ಲು, ಒಂದು ಹಿಡಿಯಷ್ಟು. ಅವ್ವನ ಅತ್ತೆ ಅವಳ ಕೈಗೆ ಕೊಟ್ಟದ್ದು. ವರ್ಷಗಟ್ಟಲೆ ಅರಿಶಿನ ಮೆತ್ತಿ ಮೆತ್ತಿ ಅದರ ಒಂದು ಮಗ್ಗುಲು ನುಣ್ಣಗಾಗಿತ್ತು. ನಮ್ಮ ಬೀದಿಯಲ್ಲಿ ಯಾರ ಮನೆಯ ಮಗುವಿಗೆ ಮೈಯಲ್ಲಿ ಗುಳ್ಳೆ ಎದ್ದರೂ ಅವ್ವನನ್ನೇ ಕರೆಯುತ್ತಿದ್ದರು. ಅವಳು ಆ ಕಲ್ಲನ್ನು ಮಡಿಲಲ್ಲಿ ಕಟ್ಟಿಕೊಂಡು ಬೇವಿನಸೊಪ್ಪು ಹಿಡಿದು ಹೋಗುತ್ತಿದ್ದಳು.

"ಎರಡೂ ಆಗಲ್ಲ ಕಣವ್ವ, ಒಂದನ್ನ ಬಿಡಬೇಕು," ಎಂದೆ. ಅವಳು ಕಿಟಕಿಯ ಕಡೆ ತಿರುಗಿದಳು.

ನಾನು ಅಷ್ಟು ಬಿಗಿಯಾಗಿದ್ದುದಕ್ಕೆ ಕಾರಣವಿತ್ತು. ಐದನೇ ಕ್ಲಾಸಿನಲ್ಲಿದ್ದಾಗ, ದೇವಸ್ಥಾನದ ಮುಂದೆ ಮಂಗಳಾರತಿ ತಟ್ಟೆಗೆ ಅಪ್ಪನ ಕೈ ತಾಗಿತೆಂದು ಮೇಲಿನ ಬೀದಿಯವರು ಅವನನ್ನು ಹುಣಸೆ ಬರಲಿನಲ್ಲಿ ಹೊಡೆದಿದ್ದರು. ಅಪ್ಪ ಮನೆಗೆ ಬಂದು ಗೋಡೆಗೆ ಮುಖ ಮಾಡಿ ಮಲಗಿದ್ದ. ದೇವರ ಹೆಸರಿನಲ್ಲಿ ಕೈ ಎತ್ತದ ಒಂದು ದಾರಿ ಲೋಕದಲ್ಲಿದೆ ಎಂದು ಕಾಲೇಜಿನಲ್ಲಿ ಓದಿದ ದಿನ ನನ್ನ ಎದೆ ಹಗುರಾಗಿತ್ತು. ಆ ದಾರಿಗೆ ಬಂದದ್ದಕ್ಕೆ ನಾನು ಇಂದಿಗೂ ವಿಷಾದಪಟ್ಟಿಲ್ಲ. ವಿಷಾದವಿರುವುದು ಬಂದ ಮೇಲೆ ನಾನು ಹೇಗಾದೆ ಎನ್ನುವುದಕ್ಕೆ.

ಧರ್ಮದ ಹೆಸರಿನ ಗಲಭೆಗಳ ಸುದ್ದಿಯನ್ನು ಪೇಪರಿನಿಂದ ಕತ್ತರಿಸಿ ನೋಟ್‌ಬುಕ್ಕಿಗೆ ಅಂಟಿಸಲು ಶುರು ಮಾಡಿದೆ. ಮಂದಿರದ್ದು, ಮಸೀದಿಯದ್ದು, ಚರ್ಚಿನದ್ದು, ಎಲ್ಲ ಇದ್ದವು. ನಮ್ಮ ಬೌದ್ಧ ಸಂಘದ ಭಾನುವಾರದ ಸಭೆಗಳಲ್ಲಿ ಅದನ್ನು ಎತ್ತಿ ಹಿಡಿದು, "ರಕ್ತದ ಒಂದು ಹನಿಯೂ ಅಂಟದ ಧರ್ಮ ನಮ್ಮದೊಂದೇ," ಎಂದು ಭಾಷಣ ಮಾಡುತ್ತಿದ್ದೆ. ಅದೇ ಕಾಲದಲ್ಲಿ ಪೇಪರಿನಲ್ಲಿ ಒಂದು ಫೋಟೋ ಬಂದಿತ್ತು. ಶ್ರೀಲಂಕಾದಲ್ಲಿ ಸಾಲಾಗಿ ನಿಂತ ಸೈನಿಕರಿಗೆ ಕಾವಿಯುಟ್ಟ ಭಿಕ್ಕುಗಳು ಆಶೀರ್ವಾದ ಮಾಡುತ್ತಿದ್ದರು. ಕತ್ತರಿ ಕೈಯಲ್ಲಿತ್ತು. ಸ್ವಲ್ಪ ಹೊತ್ತು ನೋಡಿ ಪುಟ ಮಗುಚಿದೆ.

ಗುಂಡ್ಲುಪೇಟೆಯಲ್ಲಿ ನಮ್ಮ ಬಾಡಿಗೆ ಮನೆಯ ಪಕ್ಕದಲ್ಲಿ ತಗಡಿನ ಟ್ರಂಕು ಮಾಡುವ ಸಾಬರು ಇದ್ದರು. ಅವರ ಸುತ್ತಿಗೆಯ ಸದ್ದಿಗೇ ನಮ್ಮ ಮನೆಯವರು ಏಳುತ್ತಿದ್ದುದು. ಒಂದು ಬಕ್ರೀದಿನಲ್ಲಿ ಅವರ ಮನೆಯಿಂದ ಬಂದ ತಟ್ಟೆಯನ್ನು ಮುಚ್ಚಿದ ಬಟ್ಟೆಯನ್ನೂ ತೆಗೆಯದೆ ವಾಪಸ್ ಕಳಿಸಿದೆ. ಸಾಲದ್ದಕ್ಕೆ, ಸಂಜೆ ಅಂಗಡಿ ಮುಂದೆ ನಿಂತು ಅಹಿಂಸೆಯ ಬಗ್ಗೆ ಅವರಿಗೆ ಪಾಠವನ್ನೂ ಹೇಳಿದೆ. ಅವರು ತಗಡು ಬಗ್ಗಿಸುತ್ತಲೇ ಕೇಳಿಸಿಕೊಂಡು, "ಆಯ್ತು ಬುಡಿ ಮೇಷ್ಟ್ರೆ, ನಿಮ್ಗೆ ಸೇರಲ್ಲ ಅಂದ್ರೆ ಮುಂದಿನ ಸಲ ಬರೀ ಪಾಯ್ಸ ಕಳುಸ್ತೀನಿ," ಎಂದರು.

ಮಗಳಿಗೆ ಆರು ವರ್ಷವಾಗಿದ್ದಾಗ ಸೀತಾಳೆ ಸಿಡುಬು ಬಂತು. ಡಾಕ್ಟರಿಗೆ ತೋರಿಸಿದೆ. ಸುದ್ದಿ ತಿಳಿದ ಅವ್ವ ಮಾರನೆಯ ದಿನವೇ ಗಂಟು ಸಮೇತ ಬಂದಿಳಿದಳು. ಹಗಲೂ ರಾತ್ರಿ ಕೂಸಿನ ಪಕ್ಕ ಕೂತು ಬೇವಿನ ಎಲೆಯಿಂದ ಮೈ ಸವರುತ್ತಿದ್ದಳು. ನಾನು ತಡೆಯಲಿಲ್ಲ, ಮಗಳಿಗೆ ಅದರಿಂದ ನಿದ್ದೆ ಹತ್ತುತ್ತಿತ್ತು. ಹನ್ನೊಂದನೇ ದಿನಕ್ಕೆ ಗುಳ್ಳೆಗಳು ಒಣಗಿದವು, ಕೂಸಿನ ತಲೆಗೆ ನೀರು ಹಾಕಿದರು.

ಮರುದಿನ ಸಂಜೆ ನಮ್ಮ ಭಂತೇಜಿ ಮನೆಗೆ ಬರುವವರಿದ್ದರು. ಅವರು ಉತ್ತರ ಕರ್ನಾಟಕದ ಕಡೆಯವರು, ವಯಸ್ಸಾದ ಭಿಕ್ಕು. ಹತ್ತಾರು ವರ್ಷ ಶ್ರೀಲಂಕಾದ ವಿಹಾರವೊಂದರಲ್ಲಿದ್ದು ಬಂದವರು. ಸಂಘದ ನಾಲ್ಕೈದು ಜನರನ್ನೂ ಕರೆದಿದ್ದೆ. ಸ್ಕೂಲಿಗೆ ಅರ್ಧ ದಿನ ರಜೆ ಹಾಕಿ ಮಧ್ಯಾಹ್ನ ಮನೆಗೆ ಬಂದರೆ ಮುಂದಿನ ಕೋಣೆಯಲ್ಲಿ ಯಾರೂ ಇಲ್ಲ. ಹಿತ್ತಲಿಗೆ ಹೋದೆ.

ಬಟ್ಟೆ ಒಗೆಯುವ ಕಲ್ಲಿನ ಪಕ್ಕದಲ್ಲಿ ಮಾರಮ್ಮನನ್ನು ಕೂರಿಸಿ ಅವ್ವ ಪೂಜೆ ಮುಗಿಸಿದ್ದಳು. ಕತ್ತು ಕುಯ್ದ ಕೋಳಿ ಮಂಕರಿಯ ಕೆಳಗಿತ್ತು. ಮಗಳ ಹಣೆಯಲ್ಲಿ ರಕ್ತದ ಬೊಟ್ಟು. ನನ್ನ ಹೆಂಡತಿ ನನ್ನನ್ನು ನೋಡಿದ್ದೇ ತಡ ಕೂಸಿನ ಹಣೆ ಒರೆಸಲು ಸೆರಗು ಎತ್ತಿದಳು.

"ಏನವ್ವ ಇದು?"

"ಅರಕೆ ಒತ್ಕಂಡಿದ್ದೆ ಕಣ ಮಗ. ಕೂಸು ಎದ್ದು ಕೂತ್ಕಂಡ್ರೆ ಒಂದು ಕೋಳಿ ಕೊಡ್ತೀನಿ ಅಂದ್ಬುಟ್ಟಿದ್ದೆ. ಮಾತು ತಪ್ಪಕ್ಕಾದ್ದಾ?"

"ಇವತ್ತೇ ಆಗಬೇಕಿತ್ತಾ? ಭಂತೇಜಿ ಬರ್ತಾರೆ ಅಂತ ಗೊತ್ತಿಲ್ವಾ?"

ಆ ಗಳಿಗೆಯಲ್ಲಿ ನನಗೆ ಕೋಳಿಯ ಬಗ್ಗೆ ಮರುಕವಿರಲಿಲ್ಲ. ಇದನ್ನು ಒಪ್ಪಿಕೊಳ್ಳಲು ನನಗೆ ಬಹಳ ಕಾಲ ಹಿಡಿಯಿತು. ನನಗಿದ್ದದ್ದು ನಾಚಿಕೆ. ಸಂಘದವರು ಏನಂದುಕೊಳ್ಳುತ್ತಾರೋ ಎಂಬ ಭಯ. ಬಗ್ಗಿ ಆ ಕಲ್ಲನ್ನು ತೆಗೆದುಕೊಂಡೆ. ಅವ್ವ ಎರಡೂ ಕೈಯಲ್ಲಿ ನನ್ನ ತೋಳು ಹಿಡಿದಳು.

"ಬ್ಯಾಡ ಕಣ್ಲಾ, ಅದು ನಮ್ಮತ್ತ ಕೊಟ್ಟದ್ದು! ನಾನು ಊರ್ಗೇ ಎತ್ಕಂಡೋಯ್ತೀನಿ, ಈಗ್ಲೇ ಓಯ್ತೀನಿ, ಬುಡ್ಲಾ!"

ಕಾಂಪೌಂಡಿನ ಆಚೆ ಮೋರಿಗೆ ಎಸೆದೆ. ಅವಳು ಇನ್ನೂ ತೋಳು ಬಿಟ್ಟಿರಲಿಲ್ಲ. ನಾನು ಕೊಡವಿದೆ. ಕೊಡವಿದೆ ಎಂದು ವರ್ಷಗಟ್ಟಲೆ ನನಗೆ ನಾನೇ ಹೇಳಿಕೊಂಡದ್ದು. ನಿಜವಾಗಿ ನಾನು ತಳ್ಳಿದೆ. ಅವ್ವ ಒಗೆಯುವ ಕಲ್ಲಿನ ಮೇಲೆ ಬಿದ್ದಳು. ಹಸಿ ಕಡ್ಡಿ ಮುರಿದಂಥ ಸದ್ದಾಯಿತು. ಮಗಳು ಕಿರುಚಿಕೊಂಡಳು.

ಆ ಕೂಗಿಗೆ ಪಕ್ಕದ ಸುತ್ತಿಗೆ ಸದ್ದು ನಿಂತಿತು. ಸಾಬರು ಹಿತ್ತಲ ಬಾಗಿಲಿಂದ ಬಂದರು. ನನ್ನನ್ನೊಮ್ಮೆ, ನೆಲವನ್ನೊಮ್ಮೆ ನೋಡಿ, ತಮ್ಮ ಹೆಗಲ ಟವೆಲಿನಿಂದ ಅವ್ವನ ಕೈಯನ್ನು ಕುತ್ತಿಗೆಗೆ ತೂಗುಹಾಕಿ ಕಟ್ಟಿದರು. "ನಡೀರಿ ಅವ್ವಾ, ಮೆಲ್ಗೆ," ಎನ್ನುತ್ತ ಆಟೋ ಕರೆದು ಹತ್ತಿಸಿದರು. ನಾನು ಹಿಂದೆ ಹಿಂದೆ ಹೋದೆ.

ಆಸ್ಪತ್ರೆಯಲ್ಲಿ ಹೇಗಾಯಿತೆಂದು ಡಾಕ್ಟರು ಕೇಳಿದಾಗ ನಾನು ಬಾಯಿ ತೆರೆಯುವ ಮೊದಲೇ ಅವ್ವ, "ಕಾಲು ಜಾರ್ತು ಕಣಪ್ಪ, ಪಾಚಿ ಕಟ್ಟಿತ್ತು," ಎಂದಳು. ಮಣಿಕಟ್ಟಿಗೆ ಸಿಮೆಂಟು ಪಟ್ಟಿ ಹಾಕಿದರು. ಸಾಬರು ಇಡೀ ಹೊತ್ತು ಅಲ್ಲೇ ಬೆಂಚಿನ ಮೇಲಿದ್ದರು. ನನ್ನನ್ನು ಒಂದು ಮಾತೂ ಕೇಳಲಿಲ್ಲ. ಬೈದಿದ್ದರೆ ಎಷ್ಟೋ ವಾಸಿಯಿತ್ತು.

ಸಂಜೆ ಭಂತೇಜಿ ಬಂದರು. ಉಳಿದವರು ಬರುವ ಮೊದಲು ನಾವಿಬ್ಬರೇ ಇದ್ದೆವು. ಅವರು ಹಾಲಿಲ್ಲದ ಟೀ ಕುಡಿಯುತ್ತಿದ್ದರು. ನಾನು ತಡೆಯಲಾರದೆ ದೂರು ಹೇಳಿದೆ. ದೀಕ್ಷೆ ಪಡೆದವರ ಮನೆಯಲ್ಲಿ ಬಲಿ ಕೊಟ್ಟರು, ಎಷ್ಟು ತಿಳಿ ಹೇಳಿದರೂ ಈ ಹಿಂಸೆ ಬಿಡಿಸಲು ಆಗುತ್ತಿಲ್ಲ ಎಂದೆ.

"ತಾಯಿಯವರ ಕೈಗೆ ಏನಾಯಿತು?" ಎಂದರು.

ನಾನು ತಲೆ ತಗ್ಗಿಸಿದೆ. ಅವರು ಲೋಟ ಕೆಳಗಿಟ್ಟರು.

"ನಾನು ಅಲ್ಲಿದ್ದಾಗ ಯುದ್ಧ ನಡೆಯುತ್ತಿತ್ತು. ಹುಡುಗರು ಸಿಪಾಯಿಗಳಾಗಿ ಹೊರಡುವ ಮುಂಚೆ ವಿಹಾರಕ್ಕೆ ಬರುತ್ತಿದ್ದರು. ಬುದ್ಧವಚನದ ಸುತ್ತಗಳನ್ನು ಪಠಿಸಿ ಅವರ ಮಣಿಕಟ್ಟಿಗೆ ಬಿಳಿ ದಾರ ಕಟ್ಟುವುದು ನನ್ನ ಕೆಲಸ. ಒಂದು ದಿನ ಒಬ್ಬ ಹುಡುಗ ತನ್ನ ಬಂದೂಕನ್ನೂ ಮುಂದೆ ಹಿಡಿದ. ಅದಕ್ಕೂ ಕಟ್ಟಿದೆ. ಧಮ್ಮವನ್ನು ಕಾಪಾಡುತ್ತಿದ್ದೇನೆ ಅಂತಲೇ ಅವತ್ತು ನನಗೆ ಅನಿಸಿದ್ದು ಮೇಷ್ಟ್ರೆ. ಮನಸ್ಸಿನಲ್ಲಿ ಒಂದಿಷ್ಟೂ ಅಳುಕು ಇರಲಿಲ್ಲ. ಅದನ್ನು ನೆನೆಸಿಕೊಂಡರೇ ನನಗೆ ಈಗ ಹೆದರಿಕೆ."

ಆಮೇಲೆ ಎದ್ದು ಒಳಗೆ ಹೋಗಿ ಅವ್ವನ ಚಾಪೆಯ ಪಕ್ಕ ನೆಲದ ಮೇಲೆ ಕೂತರು. ಅವಳು ಗಡಬಡಿಸಿ ಏಳಲು ಹೋದಳು.

"ಕೂತ್ಕೊಳ್ಳಿ ತಾಯಿ."

"ಸಾಮಿ, ಕೋಳಿ ಕುಯ್ದದ್ದು ತಪ್ಪಾ?"

"ತಪ್ಪೇ ತಾಯಿ. ಅದಕ್ಕೂ ಜೀವ ಇತ್ತಲ್ಲ," ಎಂದರು. "ಆದರೆ ನಿಮ್ಮ ಕೈ ಮುರಿದದ್ದು ಅದಕ್ಕಲ್ಲ."

ಅವ್ವ ನನ್ನ ಕಡೆ ನೋಡಿದಳು. ನಾನು ಆಗಲಾದರೂ ಕ್ಷಮಿಸು ಎನ್ನಬಹುದಿತ್ತು. ಅಷ್ಟರಲ್ಲಿ ಸಂಘದವರು ಬಂದು ಬಾಗಿಲಲ್ಲಿ ಚಪ್ಪಲಿ ಬಿಡುತ್ತಿದ್ದರು. ನಾನು ಅವರನ್ನು ಎದುರುಗೊಳ್ಳಲು ಹೋದೆ.

ಮೂರು ದಿನದ ಮೇಲೆ, ಯಾರೂ ಇಲ್ಲದ ಹೊತ್ತು ನೋಡಿ, ಪ್ಯಾಂಟು ಮಡಿಸಿಕೊಂಡು ಮೋರಿಗಿಳಿದೆ. ಕೆಸರಿನಲ್ಲಿ ಕೈಯಾಡಿಸಿ ಹಿಡಿಯಷ್ಟು ಗಾತ್ರದ ನಾಲ್ಕು ಕಲ್ಲು ಹೆಕ್ಕಿದೆ. ತೊಳೆದು ಅವ್ವನ ಮುಂದೆ ಇಟ್ಟೆ. ಅವಳು ಒಂದೊಂದನ್ನೂ ಸರಿಯಿದ್ದ ಕೈಯಲ್ಲಿ ಎತ್ತಿ ಹೆಬ್ಬೆರಳಿನಿಂದ ಸವರಿದಳು.

"ಯಾವ್ದೂ ಅಲ್ಲ ಕಣ ಮಗ. ಬುಡು."

ಪಟ್ಟಿ ಬಿಚ್ಚಿದ ವಾರವೇ ಊರಿಗೆ ಹೋದಳು. ಆಮೇಲೆ ಎಷ್ಟು ಕರೆದರೂ ನಮ್ಮ ಮನೆಯಲ್ಲಿ ಒಂದು ರಾತ್ರಿಯೂ ಉಳಿಯಲಿಲ್ಲ. ನಾನೇ ಊರಿಗೆ ಹೋಗಿ ನೋಡಿಕೊಂಡು ಬರುತ್ತಿದ್ದೆ. ಗೂಡಿನಲ್ಲಿ ಬುದ್ಧನ ಪಟ ಒಂದೇ ಇರುತ್ತಿತ್ತು, ಮುಂದೆ ದೀಪ. ಮಾರಮ್ಮನ ಮಾತನ್ನು ಅವಳು ಎತ್ತಲಿಲ್ಲ, ನಾನೂ ಎತ್ತಲಿಲ್ಲ. ಅವ್ವ ಮಾರಮ್ಮನನ್ನು ಬಿಟ್ಟಳೆಂಬ ಸುದ್ದಿ ಸಂಘದಲ್ಲಿ ಹಬ್ಬಿತು. ಒಂದು ಸಭೆಯಲ್ಲಿ ಅಧ್ಯಕ್ಷರು ಎದ್ದುನಿಂತು, "ನಮ್ಮ ಮೇಷ್ಟ್ರು ತಮ್ಮ ತಾಯಿಯವರ ಮನಸ್ಸನ್ನೇ ಬದಲಾಯಿಸಿದ್ದಾರೆ, ಮಾರಿ ಪೂಜೆ ಬಿಡಿಸಿದ್ದಾರೆ," ಎಂದಾಗ ಎಲ್ಲರೂ ಚಪ್ಪಾಳೆ ತಟ್ಟಿದರು. ಹೇಗೆ ಬಿಡಿಸಿದೆ ಎಂದು ನಾನು ಹೇಳಲಿಲ್ಲ. ಶಾಲು ಹೊದಿಸಿದರು, ಹೊದ್ದುಕೊಂಡೆ. ನಾನು ಮಾಡಿದ್ದರಲ್ಲಿ ಯಾವುದು ದೊಡ್ಡ ತಪ್ಪೆಂದು ಕೇಳಿದರೆ, ತಳ್ಳಿದ್ದಕ್ಕಿಂತ ಆ ಶಾಲು ಹೊದ್ದದ್ದೇ ದೊಡ್ಡದೆಂದು ಈಗ ಅನ್ನಿಸುತ್ತದೆ. ಭಂತೇಜಿ ಅವತ್ತು ಸಭೆಗೆ ಬಂದಿರಲಿಲ್ಲ.

ಆ ದಶಕ ಮುಗಿಯುವ ಹೊತ್ತಿಗೆ ಅವ್ವ ತೀರಿಕೊಂಡಳು. ಎರಡು ದಿನದ ಜ್ವರ, ಅಷ್ಟೇ. ಊರಿನಲ್ಲೇ ಮಣ್ಣು ಮಾಡಿದೆವು. ಭಂತೇಜಿ ಚಾಮರಾಜನಗರದಿಂದ ಬಂದು ಪಠಣ ಮಾಡಿದರು. ಎಲ್ಲ ಮುಗಿದು ಜನ ಚದುರಿದ ಮೇಲೆ ಎದುರು ಮನೆಯ ಅಜ್ಜಿ, ಅವ್ವನ ಓರಗೆಯವಳು, ಜಗಲಿಯಲ್ಲಿ ನನ್ನ ಪಕ್ಕ ಬಂದು ಕೂತಳು.

"ಅಜ್ಜಿ, ಅವ್ವ ಕೊನೆಗಾಲದಲ್ಲಿ ಅದೆಲ್ಲ ಬಿಟ್ಟುಬಿಟ್ಟಿದ್ದಳು ಅಲ್ವಾ, ಮಾರಮ್ಮನ್ನ?" ಎಂದೆ. ಯಾಕೆ ಕೇಳಿದೆನೋ.

ಅಜ್ಜಿ ಎಲೆಅಡಿಕೆ ಪಕ್ಕಕ್ಕೆ ಉಗಿದು ನನ್ನ ಮುಖ ನೋಡಿದಳು.

"ಎಲ್ಲಿ ಬುಟ್ಟಿದ್ಲು? ನಮ್ ಮನ ಹಿತ್ಲಲ್ಲಿ ಒಂದು ಕಲ್ಲು ಮಡಗಿದ್ಲು. ದಿನಾ ಒತ್ತಾರೆ ಬಂದು ನೀರಾಕಿ ಕೈ ಮುಗುದು ಓಯ್ತಿದ್ಲು. ನನ್ ಮಗುನ್ಗೆ ಮಾತ್ರ ಯೋಳ್ಬ್ಯಾಡ ಕಣಕ್ಕ ಅನ್ನೋಳು."

"ಯಾಕಂತೆ? ನಾನೇನು ಅಂದುಬಿಡ್ತಿದ್ದೆ?"

"ನಿನ್ ಕಂಡ್ರೆ ಎದುರ್ಕತಿದ್ಲು ಕಣಪ್ಪ," ಎಂದಳು ಅಜ್ಜಿ, ಬಹಳ ಸಾಮಾನ್ಯ ವಿಷಯ ಹೇಳುವವಳಂತೆ. ಆಮೇಲೆ ಮೊಣಕಾಲಿಗೆ ಕೈಯೂರಿ ಎದ್ದು, ಒಲೆ ಮೇಲೆ ಅನ್ನ ಇಟ್ಟಿದ್ದೇನೆಂದು ಮನೆಗೆ ಹೋದಳು. ಅವಳ ಹಿತ್ತಲಿಗೆ ಹೋಗಿ ಆ ಕಲ್ಲನ್ನು ನೋಡಿ ಬರಬೇಕೆಂದು ಜಗಲಿಯಿಂದ ಇಳಿದೆ. ಅಂಗಳದ ಅರ್ಧದವರೆಗೂ ಹೋದೆ. ಅಲ್ಲಿಂದ ಮುಂದೆ ಹೋಗಲು ನನಗೆ ಮುಖವಿರಲಿಲ್ಲ.